ಕೆಂಪು ಸೀರೆ, ಹಸಿರು ಮೂಗುಬೊಟ್ಟು

ಹೋದ ತಿಂಗಳು ಹಾಸನದ ಕಡೆಯ ಹುಡುಗಿಯೊಬ್ಬಳು ಪತ್ರ ಬರೆದಿದ್ದಳು. ಬಿ.ಕಾಂ. ಮುಗಿಸಿ ಬೆಂಗಳೂರಿಗೆ ಬಂದು ಎರಡು ವರ್ಷವಾಯಿತಂತೆ. ಸೀರೆ ಅಂಗಡಿ, ಒಡವೆ ಅಂಗಡಿಗಳ ಜಾಹೀರಾತಿಗೆ ಮಾಡೆಲ್ ಆಗಿ ನಿಲ್ಲುತ್ತಾಳೆ. ‘ಮೇಡಂ, ನನಗೆ ಸಿನಿಮಾ ನಿರ್ದೇಶನ ಮಾಡಬೇಕೂಂತ ಆಸೆ. ಯಾರ ಹತ್ತಿರ ಹೇಳಿದರೂ ಮೊದಲು ನನ್ನ ಮುಖ ನೋಡ್ತಾರೆ, ಆಮೇಲೆ ನಗ್ತಾರೆ. ಮಾಡೆಲಿಂಗಿಂದ ಬಂದವರು ಯಾರಾದರೂ ಒಳ್ಳೇ ನಿರ್ದೇಶಕಿ ಆಗಿದಾರಾ?’ ಎಂದು ಕೇಳಿದ್ದಳು. ಈ ಪ್ರಶ್ನೆ ಈ ಅಂಕಣಕ್ಕೆ ಹೊಸದೇನಲ್ಲ. ಬೇರೆ ಬೇರೆ ಊರಿನಿಂದ, ಬೇರೆ ಬೇರೆ ಕೈಬರಹದಲ್ಲಿ ಬರುತ್ತಲೇ ಇರುತ್ತದೆ. ಕೆಲವರು ಆಸೆಯಿಂದ ಕೇಳುತ್ತಾರೆ, ಕೆಲವರು ಅನುಮಾನದಿಂದ. ‘ಹೌದಮ್ಮ, ಆಗಿದ್ದಾರೆ’ ಎಂದು ಒಂದು ಹೆಸರು ಬರೆದು ಮುಗಿಸಿಬಿಡಬಹುದಿತ್ತು. ಆದರೆ ಆ ಹೆಸರಿನ ಹಿಂದೆ ಇಪ್ಪತ್ತೊಂದು ವರ್ಷಗಳ ಒಂದು ದಾರಿ ಇದೆ. ಆ ದಾರಿಯನ್ನು ಹೇಳದೆ ಬರೀ ಹೆಸರು ಹೇಳಿದರೆ ಉತ್ತರ ಅರ್ಧವೇ ಆಗುತ್ತದೆ. ಹೆಸರು ಅಪರ್ಣಾ ಸೇನ್.

ಮೊದಲು ಒಂದು ಫೋಟೋದ ಕತೆ. 1960ರಲ್ಲಿ ಬ್ರಯನ್ ಬ್ರೇಕ್ ಎಂಬ ನ್ಯೂಜಿಲೆಂಡಿನ ಛಾಯಾಗ್ರಾಹಕ ನಮ್ಮ ದೇಶದ ಮಳೆಗಾಲವನ್ನು ಚಿತ್ರಗಳಲ್ಲಿ ಹಿಡಿಯಲು ಬಂದಿದ್ದರು. ಆ ಚಿತ್ರಮಾಲೆ 1961ರಲ್ಲಿ ಅಮೆರಿಕದ ‘ಲೈಫ್’ ಪತ್ರಿಕೆಯಲ್ಲಿ ಅಚ್ಚಾಗಿ ಜಗತ್ತನ್ನೆಲ್ಲ ಸುತ್ತಿತು. ಅದರಲ್ಲಿ ಎಲ್ಲರ ನೆನಪಿನಲ್ಲಿ ಉಳಿದದ್ದು ಒಬ್ಬ ಹುಡುಗಿಯ ಮುಖ. ಕಣ್ಣು ಮುಚ್ಚಿ, ಮುಖವನ್ನು ಆಕಾಶಕ್ಕೆ ಒಡ್ಡಿ, ಮೊದಲ ಮಳೆಯ ಹನಿಗಳನ್ನು ಕೆನ್ನೆಯ ಮೇಲೆ ಬರಮಾಡಿಕೊಳ್ಳುತ್ತಿರುವ ಹುಡುಗಿ. ಮೂಗಿನ ಮೇಲೆ ಹಸಿರು ಹರಳಿನ ಬೊಟ್ಟು. ನೋಡಿದವರಿಗೆಲ್ಲ ಅದು ಯಾವುದೋ ಬಂಗಾಳಿ ಹಳ್ಳಿಯ ಗದ್ದೆಬದುವಿನಲ್ಲಿ ಸಿಕ್ಕ ಮುಖವೆಂದೇ ಅನ್ನಿಸುತ್ತಿತ್ತು.

ಆದರೆ ಅದು ಕಲ್ಕತ್ತದ ಒಂದು ಮನೆಯ ತಾರಸಿ. ಹುಡುಗಿ ಇಂಗ್ಲಿಷ್ ಶಾಲೆಗೆ ಹೋಗುತ್ತಿದ್ದ, ಪುಸ್ತಕಗಳ ನಡುವೆ ಬೆಳೆದ, ಹದಿನಾಲ್ಕರ ಅಪರ್ಣಾ ದಾಸ್‌ಗುಪ್ತ. ಮಳೆ ಬಂದದ್ದು ಮೋಡದಿಂದಲ್ಲ, ಗಿಡಕ್ಕೆ ನೀರು ಹಾಕುವ ಕ್ಯಾನಿನಿಂದ. ಮೂಗು ಚುಚ್ಚಿಸಿರಲಿಲ್ಲ, ಬೊಟ್ಟನ್ನು ಅಂಟು ಹಚ್ಚಿ ಕೂರಿಸಿದ್ದರು. ಹಳ್ಳಿಯ ಹುಡುಗಿಯರ ಹಾಗೆ ಕೆಂಪು ಸೀರೆ ಉಡಿಸಿದ್ದರು. ಸುಮಾರು ಅರ್ಧ ಗಂಟೆಯ ಕೆಲಸ. ಇದನ್ನೆಲ್ಲ ಅಪರ್ಣಾ ಅವರೇ ಎಷ್ಟೋ ವರ್ಷಗಳ ಮೇಲೆ ನೆನಪಿಸಿಕೊಂಡಿದ್ದಾರೆ. ಆ ನೆನಪಿನಲ್ಲಿ ನನಗೆ ಬಹಳ ಮುಖ್ಯವೆನಿಸಿದ್ದು ಒಂದು ಸಣ್ಣ ಸಂಗತಿ. ಸೀರೆ ಕೆಂಪಗಿದೆಯಲ್ಲ, ಬೊಟ್ಟೂ ಕೆಂಪು ಇದ್ದರೆ ಹೊಂದುತ್ತದೆ ಎಂದು ಹುಡುಗಿ ತಾನಾಗಿಯೇ ಒಂದು ಸಲಹೆ ಕೊಟ್ಟಳಂತೆ. ಛಾಯಾಗ್ರಾಹಕರು ಒಂದೇ ಮಾತಿನಲ್ಲಿ ಬೇಡ ಎಂದರಂತೆ. ಹಸಿರೇ ಬೇಕು.

ಯಾಕೆ ಹಸಿರು? ಮದುವೆ ಮನೆಯಲ್ಲಿ ಹಸಿರು ಬಳೆ, ಕೆಂಪು ಸೀರೆ ನೋಡಿ ಬೆಳೆದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಕೆಂಪಿನ ಪಕ್ಕ ಕೆಂಪು ಇಟ್ಟರೆ ಎರಡೂ ಒಂದರಲ್ಲೊಂದು ಕರಗಿಹೋಗುತ್ತವೆ. ಕೆಂಪಿನ ನಡುವೆ ಹಸಿರಿನ ಒಂದು ಚುಕ್ಕೆ ಇಟ್ಟರೆ ಕಣ್ಣು ನೇರ ಅಲ್ಲಿಗೇ ಹೋಗಿ ನಿಲ್ಲುತ್ತದೆ. ಸೀರೆಗೆ ಹೊಂದುವ ಒಡವೆ ಹುಡುಗಿಯನ್ನು ಚೆನ್ನಾಗಿ ಕಾಣಿಸುತ್ತಿತ್ತು. ಹೊಂದದ ಒಡವೆ ಚಿತ್ರವನ್ನೇ ಚೆನ್ನಾಗಿಸಿತು. ಮಾಡೆಲ್ ಯೋಚಿಸುವುದಕ್ಕೂ ನಿರ್ದೇಶಕ ಯೋಚಿಸುವುದಕ್ಕೂ ಇರುವ ದೂರವನ್ನು ನಾನು ಇದಕ್ಕಿಂತ ಸುಲಭವಾಗಿ ಹೇಳಲಾರೆ. ಒಬ್ಬರಿಗೆ ತಾವು ಹೇಗೆ ಕಾಣುತ್ತೇವೆ ಎಂಬ ಚಿಂತೆ, ಇನ್ನೊಬ್ಬರಿಗೆ ನೋಡುವವರ ಕಣ್ಣು ಎಲ್ಲಿಗೆ ಹೋಗುತ್ತದೆ ಎಂಬ ಚಿಂತೆ. ಆ ತಾರಸಿಯ ಮೇಲೆ ಹದಿನಾಲ್ಕರ ಹುಡುಗಿ ಎರಡನೆಯದನ್ನು ಕಂಡಳು. ಚಿತ್ರ ತನ್ನದೇ ಮುಖದ್ದು, ಆದರೆ ಅದು ಹೇಗಿರಬೇಕೆಂಬ ತೀರ್ಮಾನ ಬೇರೆಯವರದು ಎಂಬುದನ್ನೂ ಕಂಡಳು.

ಇಲ್ಲಿ ನಮ್ಮ ಮನೆಯ ಒಂದು ಮಾತು ಹೇಳಬೇಕು. ಎಂಬತ್ತರ ದಶಕದಲ್ಲಿ ನಮ್ಮ ಅಕ್ಕನಿಗೆ ಗಂಡು ಹುಡುಕುತ್ತಿದ್ದಾಗ ಅಮ್ಮ ಅವಳನ್ನು ನಮ್ಮೂರ ಬಸ್ ನಿಲ್ದಾಣದ ಪಕ್ಕದ ಸ್ಟುಡಿಯೋಗೆ ಕರೆದುಕೊಂಡು ಹೋಗಿದ್ದರು. ನಾನೂ ಜೊತೆಗಿದ್ದೆ. ಹಿಂದೆ ಬೃಂದಾವನದ ಕಾರಂಜಿ ಬರೆದಿದ್ದ ಪರದೆ, ಪಕ್ಕದಲ್ಲಿ ಪ್ಲಾಸ್ಟಿಕ್ ಹೂವಿನ ಕುಂಡ. ‘ಗದ್ದ ಸ್ವಲ್ಪ ಕೆಳಗೆ, ಕಣ್ಣು ಮೇಲೆ, ಹಲ್ಲು ಕಾಣೋದು ಬೇಡ’ ಎಂದು ಸ್ಟುಡಿಯೋದವರು ಹೇಳಿದ ಹಾಗೆಲ್ಲ ಅಕ್ಕ ಮಾಡಿದಳು. ಅವಳು ಮನೆಯಲ್ಲಿ ನಕ್ಕರೆ ಬೀದಿಗೆ ಕೇಳಿಸುತ್ತಿತ್ತು. ಆ ಫೋಟೋದಲ್ಲಿರುವ ಹುಡುಗಿ ಜೋರಾಗಿ ಮಾತಾಡಿಯೇ ಗೊತ್ತಿಲ್ಲದವಳ ಹಾಗಿದ್ದಳು. ಆರು ಪ್ರತಿ ಹಾಕಿಸಿದರು. ಒಂದೊಂದೇ ಪ್ರತಿ ಜಾತಕದ ಜೊತೆ ಲಕೋಟೆಯಲ್ಲಿ ತಿಪಟೂರು, ಅರಸೀಕೆರೆ, ದಾವಣಗೆರೆ ಎಂದು ಹೋಯಿತು. ಮರಳಿ ಬಂದದ್ದು ಎರಡೇ. ಮದುವೆಯಾಗಿ ಎಷ್ಟೋ ವರ್ಷಗಳ ಮೇಲೆ ಒಮ್ಮೆ ಹಪ್ಪಳ ಹರಡುತ್ತಾ ಅಕ್ಕ ಕೇಳಿದ್ದಳು: ‘ಆ ನಾಲ್ಕು ಫೋಟೋ ಈಗ ಯಾರ ಮನೆ ಟ್ರಂಕಿನಲ್ಲಿದಾವೋ?’ ನನಗೆ ಉತ್ತರ ಹೊಳೆಯಲಿಲ್ಲ. ಅಪರ್ಣಾ ಸೇನ್ ಅವರ ಸಿನಿಮಾಗಳನ್ನು ಒಂದಾದ ಮೇಲೊಂದು ನೋಡುತ್ತಾ ಹೋದಾಗ, ಅವರು ಅಕ್ಕನ ಆ ಪ್ರಶ್ನೆಯನ್ನೇ ಜೀವಮಾನವಿಡೀ ಕೇಳಿಕೊಂಡು ಬಂದಿದ್ದಾರೆ ಅನ್ನಿಸಿತು. ಹೆಣ್ಣಿನ ಚಿತ್ರ ತೆಗೆದಾದ ಮೇಲೆ ಅದು ಯಾರದು?

ಅವರು ಹುಟ್ಟಿದ್ದು ಸಿನಿಮಾವನ್ನು ಓದಿನಷ್ಟೇ ಗಂಭೀರವಾಗಿ ಕಾಣುತ್ತಿದ್ದ ಮನೆಯಲ್ಲಿ. ತಂದೆ ಚಿದಾನಂದ ದಾಸ್‌ಗುಪ್ತ ಹೆಸರಾಂತ ವಿಮರ್ಶಕರು, 1947ರಲ್ಲಿ ಸತ್ಯಜಿತ್ ರಾಯ್ ಅವರೊಂದಿಗೆ ಕಲ್ಕತ್ತ ಫಿಲ್ಮ್ ಸೊಸೈಟಿ ಕಟ್ಟಿದವರು. ಕವಿ ಜೀವನಾನಂದ ದಾಸ್ ಬಂಧುಗಳು. ಹೀಗಾಗಿ ‘ಅವರಿಗೇನು ಬಿಡಿ, ಮನೆಯಲ್ಲೇ ಎಲ್ಲ ಇತ್ತು’ ಎನ್ನುವವರಿದ್ದಾರೆ. ಆ ಅನುಕೂಲ ಇದ್ದದ್ದು ನಿಜ, ಅದನ್ನು ಮುಚ್ಚಿಡಬಾರದು. ಹಾಸನದ ಹುಡುಗಿಗೆ ಅಂಥ ತಂದೆ ಇಲ್ಲದಿರಬಹುದು. ಆದರೆ ಅಂಥ ಮನೆಯಲ್ಲಿ ಹುಟ್ಟಿಯೂ ಅಪರ್ಣಾ ಅವರು ತಮ್ಮ ಮೊದಲ ಚಿತ್ರ ನಿರ್ದೇಶಿಸುವ ಹೊತ್ತಿಗೆ ಮೂವತ್ತೈದು ದಾಟಿತ್ತು ಎಂಬುದನ್ನೂ ಮರೆಯಬಾರದು. ಮನೆ ಕೊಟ್ಟದ್ದು ರುಚಿಯನ್ನು. ಕೆಲಸವನ್ನು ಅವರೇ ಕಲಿಯಬೇಕಾಯಿತು.

ಫೋಟೋ ಅಚ್ಚಾದ 1961ರಲ್ಲೇ ಅವರ ಮೊದಲ ಸಿನಿಮಾ ಕೂಡ ಬಂತು. ರವೀಂದ್ರನಾಥ ಠಾಕೂರರ ಮೂರು ಕತೆಗಳನ್ನು ಆಧರಿಸಿ ರಾಯ್ ಮಾಡಿದ ‘ತೀನ್ ಕನ್ಯಾ’. ಅದರ ‘ಸಮಾಪ್ತಿ’ ಭಾಗದಲ್ಲಿ ಅಪರ್ಣಾ ಮೃಣ್ಮಯಿಯಾದರು. ಊರಿಗೆಲ್ಲ ಹುಚ್ಚಿ ಎನಿಸಿಕೊಂಡ, ಅಳಿಲು ಸಾಕಿಕೊಂಡ, ಉಯ್ಯಾಲೆ ಬಿಟ್ಟು ಬಾರದ ಹುಡುಗಿ. ಸೌಮಿತ್ರ ಚಟರ್ಜಿ ಓದಿ ಬಂದ ತರುಣ. ಆ ಚಿತ್ರದಲ್ಲಿ ಒಂದು ಹೆಣ್ಣು ನೋಡುವ ದೃಶ್ಯವಿದೆ. ಬೇರೊಂದು ಮನೆಯಲ್ಲಿ ಅಲಂಕರಿಸಿ ಕೂರಿಸಿದ ವಧು ತಲೆ ತಗ್ಗಿಸಿ ಕೂತಿದ್ದಾಳೆ. ಅಲ್ಲಿಗೆ ಮೃಣ್ಮಯಿಯ ಅಳಿಲು ನುಗ್ಗಿ ಇಡೀ ಏರ್ಪಾಡನ್ನು ಚೆಲ್ಲಾಪಿಲ್ಲಿ ಮಾಡುತ್ತದೆ. ತರುಣನಿಗೆ ಮನಸ್ಸು ಹೋಗುವುದು ಕೂರಿಸಿದ ಹೆಣ್ಣಿನ ಕಡೆಗಲ್ಲ, ಓಡಾಡುವ ಹೆಣ್ಣಿನ ಕಡೆಗೆ. ತಾರಸಿಯ ಮೇಲೆ ಅಲುಗಾಡದೆ ನಿಂತಿದ್ದ ಹುಡುಗಿಗೆ ಮೊದಲ ಪಾತ್ರವಾಗಿ ಸಿಕ್ಕಿದ್ದು ಒಂದು ಕಡೆ ನಿಲ್ಲದ ಹುಡುಗಿ. ಸಿನಿಮಾದ ಕ್ಯಾಮೆರಾ ಎದುರು ಮುಖ ಒಡ್ಡಿದರೆ ಸಾಲದು, ಕಾಲದಲ್ಲಿ ಚಲಿಸಬೇಕು, ಒಬ್ಬ ಮನುಷ್ಯಳಾಗಿ ಬದಲಾಗಬೇಕು. ಮಾಡೆಲಿಂಗಿಗೂ ನಟನೆಗೂ ಇರುವ ವ್ಯತ್ಯಾಸ ಅದು.

ಅಲ್ಲಿಂದ ಮುಂದಿನ ಎರಡು ದಶಕ ಅವರು ನಟಿ. ಮೃಣಾಲ್ ಸೇನ್ ಅವರ ‘ಆಕಾಶ್ ಕುಸುಮ್’ 1965ರಲ್ಲಿ, ರಾಯ್ ಅವರ ‘ಅರಣ್ಯೇರ್ ದಿನ್ ರಾತ್ರಿ’ 1970ರಲ್ಲಿ. ಮರ್ಚೆಂಟ್-ಐವರಿ ತಂಡದ ‘ದಿ ಗುರು’, ‘ಬಾಂಬೆ ಟಾಕೀ’. ಇವುಗಳ ಜೊತೆಜೊತೆಗೆ ಬಂಗಾಳಿ ಜನಪ್ರಿಯ ಸಿನಿಮಾದ ನಾಯಕಿಯೂ ಹೌದು. ಉತ್ತಮ್ ಕುಮಾರ್ ಎದುರು ‘ಜಯ ಜಯಂತಿ’, ‘ಮೇಮ್‌ಸಾಹೇಬ್’, ಸೌಮಿತ್ರ ಎದುರು ‘ವಸಂತ ವಿಲಾಪ’. ಕಲಾತ್ಮಕ ಚಿತ್ರದ ಸೆಟ್ಟು, ವಿದೇಶಿ ತಂಡದ ಸೆಟ್ಟು, ಹಾಡು-ಕುಣಿತದ ಸೆಟ್ಟು, ಮೂರನ್ನೂ ಒಳಗಿನಿಂದ ಕಂಡವರು ಆಗ ಹೆಚ್ಚಿರಲಿಲ್ಲ. ನಿರ್ದೇಶನ ಕಲಿಯಲು ಶಾಲೆಗಳಿವೆ, ಅವು ಒಳ್ಳೆಯವೇ. ಆದರೆ ಸೆಟ್ಟಿನಲ್ಲಿ ನಟಿಗೆ ಸಿಗುವ ಕಾಯುವ ಸಮಯ ಇದೆಯಲ್ಲ, ಬೆಳಕು ಸರಿಯಾಗುವ ತನಕ, ಟ್ರಾಲಿ ಹಳಿ ಕೂರುವ ತನಕ, ಅದು ಕಣ್ಣು ತೆರೆದಿಟ್ಟುಕೊಂಡವರಿಗೆ ದೊಡ್ಡ ಪಾಠಶಾಲೆ. ಯಾವ ಲೆನ್ಸ್ ಹಾಕಿದರೆ ಮುಖ ಹತ್ತಿರ ಬರುತ್ತದೆ, ಎಲ್ಲಿ ಕತ್ತರಿಸಿದರೆ ಅಳು ಉಳಿಯುತ್ತದೆ, ನಿರ್ದೇಶಕ ತಡವರಿಸಿದರೆ ಐವತ್ತು ಜನರ ಕೆಲಸ ಹೇಗೆ ನಿಂತುಬಿಡುತ್ತದೆ. ಇದನ್ನೆಲ್ಲ ಸಂಬಳ ತೆಗೆದುಕೊಂಡೇ ಕಲಿಯಬಹುದು.

ಆದರೂ ಅವರಿಗೆ ದಣಿವಾಯಿತು. ಜನಪ್ರಿಯ ಚಿತ್ರಗಳ ಪಾತ್ರಗಳು ಬೇಸರ ತರಿಸಿದಾಗ ಬರೆಯತೊಡಗಿದೆ ಎಂದು ಅವರು ಹೇಳಿಕೊಂಡಿದ್ದಾರೆ. ಬರೆದದ್ದು ಇಂಗ್ಲಿಷಿನಲ್ಲಿ, ಯಾವ ನಾಯಕಿಯೂ ಬಯಸದಂಥ ಪಾತ್ರವೊಂದನ್ನು. ವಯಸ್ಸಾದ ಆಂಗ್ಲೋ-ಇಂಡಿಯನ್ ಶಾಲಾ ಶಿಕ್ಷಕಿ, ವಯೊಲೆಟ್ ಸ್ಟೋನ್‌ಹ್ಯಾಮ್. ಅದನ್ನು ರಾಯ್ ಅವರಿಗೆ ತೋರಿಸಿದರು. ಅವರು ಮೆಚ್ಚಿ ನಿರ್ಮಾಪಕರನ್ನು ಹುಡುಕಲು ಹುರಿದುಂಬಿಸಿದರು. ಮುಂದೆ ಬಂದವರು ಶಶಿ ಕಪೂರ್. ಕನ್ನಡಿಗರಿಗೆ ಅವರ ಬ್ಯಾನರ್ ಅಪರಿಚಿತವಲ್ಲ. ನಮ್ಮ ಅನಂತ್ ನಾಗ್ ನಟಿಸಿದ ‘ಕಲಿಯುಗ್’ ಅದೇ ಸಂಸ್ಥೆಯದು, ಗಿರೀಶ ಕಾರ್ನಾಡರು ನಿರ್ದೇಶಿಸಿದ, ಶಂಕರ್ ನಾಗ್ ಕಳ್ಳನ ಪಾತ್ರ ಮಾಡಿದ ‘ಉತ್ಸವ್’ ಕೂಡ ಅದೇ ಸಂಸ್ಥೆಯದು. ಶಶಿ ಕಪೂರರ ಪತ್ನಿ ಜೆನಿಫರ್ ಕೆಂಡಲ್ ವಯೊಲೆಟ್ ಆದರು. ಜೆನಿಫರ್ ಅವರ ತಂದೆ, ಊರೂರು ಅಲೆದು ಶೇಕ್ಸ್‌ಪಿಯರ್ ನಾಟಕವಾಡಿಸಿದ ಜೆಫ್ರಿ ಕೆಂಡಲ್, ವಯೊಲೆಟ್‌ಳ ಅಣ್ಣನಾದರು. ಕ್ಯಾಮೆರಾ ಹಿಡಿದದ್ದು ಅಶೋಕ್ ಮೆಹ್ತಾ. ಹೀಗೆ 1981ರಲ್ಲಿ ‘36 ಚೌರಂಗಿ ಲೇನ್’ ಬಂತು.

ಕತೆ ಸಣ್ಣದು. ವಯೊಲೆಟ್ ಕಲ್ಕತ್ತದ ಹುಡುಗಿಯರ ಶಾಲೆಯಲ್ಲಿ ಶೇಕ್ಸ್‌ಪಿಯರ್ ಪಾಠ ಮಾಡುತ್ತಾಳೆ. ಮನೆಯಲ್ಲಿ ಅವಳಿಗೆ ಜೊತೆ ಸರ್ ಟೋಬಿ ಎಂಬ ಬೆಕ್ಕು ಮಾತ್ರ. ಸೋದರಸೊಸೆ ಆಸ್ಟ್ರೇಲಿಯಕ್ಕೆ ಹೋಗಿದ್ದಾಳೆ, ಅಣ್ಣ ವೃದ್ಧರ ಆಶ್ರಯದಲ್ಲಿದ್ದಾನೆ. ಹಳೆಯ ವಿದ್ಯಾರ್ಥಿನಿ ನಂದಿತಾ ತನ್ನ ಪ್ರಿಯಕರನನ್ನು ಕರೆತರುತ್ತಾಳೆ. ಅವನು ಬರಹಗಾರ, ಹಗಲು ಹೊತ್ತು ನಿಮ್ಮ ಮನೆಯಲ್ಲಿ ಕೂತು ಬರೆಯಲಿ ಎಂದು ಕೇಳುತ್ತಾಳೆ. ಅವರಿಗೆ ಬೇಕಿದ್ದದ್ದು ಏಕಾಂತದ ಜಾಗ. ವಯೊಲೆಟ್‌ಗೆ ಅದು ತಿಳಿಯದು. ತನ್ನ ಮನೆಗೆ ದನಿ ಬಂತಲ್ಲ ಎಂದು ಅವಳು ಅರಳುತ್ತಾಳೆ. ಅವರಿಬ್ಬರಿಗೆ ಮದುವೆಯಾಗಿ ಸ್ವಂತ ಮನೆಯಾದ ಮೇಲೆ ಅವಳು ಬೇಡವಾಗುತ್ತಾಳೆ. ಕ್ರಿಸ್‌ಮಸ್ ರಾತ್ರಿ ತಾವು ಊರಲ್ಲಿರುವುದಿಲ್ಲ ಎಂದು ಅವರು ಸುಳ್ಳು ಹೇಳಿರುತ್ತಾರೆ. ಇವಳು ಪ್ರೀತಿಯಿಂದ ಕೇಕ್ ಮಾಡಿಕೊಂಡು ಹೋಗಿ ಕಿಟಕಿಯಿಂದ ನೋಡಿದರೆ ಒಳಗೆ ಪಾರ್ಟಿ ನಡೆಯುತ್ತಿರುತ್ತದೆ. ನಿರ್ಜನ ರಸ್ತೆಯಲ್ಲಿ ಒಂದು ಬೀದಿನಾಯಿಗೆ ‘ಕಿಂಗ್ ಲಿಯರ್’ನ ಮಾತುಗಳನ್ನು ಹೇಳುತ್ತಾ ಅವಳು ನಡೆದುಹೋಗುತ್ತಾಳೆ.

ಈ ಚಿತ್ರವನ್ನು ನಾನು ಮೊದಲು ನೋಡಿದ್ದು ಕಾಲೇಜು ದಿನಗಳಲ್ಲಿ, ಫಿಲ್ಮ್ ಸೊಸೈಟಿಯೊಂದರ ಮಡಚುವ ಕುರ್ಚಿಯಲ್ಲಿ ಕೂತು. ಮನೆಗೆ ಬಂದ ಮೇಲೆ ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸಿದ ಮಿಸ್ ನೆನಪಾಗಿ ನಿದ್ದೆ ಬರಲಿಲ್ಲ. ಪಾಠಕ್ಕೆ, ಅಂಕಕ್ಕೆ, ಶಿಫಾರಸು ಪತ್ರಕ್ಕೆ ಅವರ ಮನೆಗೆ ಎಷ್ಟು ಸಲ ಹೋಗಿದ್ದೆವು. ಕೆಲಸವಾದ ಮೇಲೆ ಒಂದು ಸಲವೂ ಹೋಗಿರಲಿಲ್ಲ. ಮರುವಾರ ಬಸ್ ಹತ್ತಿ ಊರಿಗೆ ಹೋಗಿ ಅವರನ್ನು ನೋಡಿಕೊಂಡು ಬಂದೆ. ಒಂದು ಸಿನಿಮಾ ನೋಡಿ ನಾನು ಬದಲಾಗಿ ನಡೆದುಕೊಂಡದ್ದು ಅದೇ ಮೊದಲು. ಅದಕ್ಕೇ ಈ ನಿರ್ದೇಶಕಿಯ ಬಗ್ಗೆ ನನಗೆ ಬರೀ ಮೆಚ್ಚುಗೆಯಲ್ಲ, ಋಣವೂ ಇದೆ.

ಈಗ ಯೋಚಿಸಿದರೆ, ಹಳೆಯ ಮಾಡೆಲ್ ಆ ಚಿತ್ರದಲ್ಲಿ ಎಲ್ಲಿದ್ದಾರೆ ಎಂದು ಕಾಣುತ್ತದೆ. ಚಂದದ ಯುವ ಜೋಡಿಯ ಪ್ರೇಮವನ್ನು ನಡುವೆ ಇಟ್ಟು, ಮುದುಕಿಯನ್ನು ಅಂಚಿಗೆ ತಳ್ಳಿ ಕತೆ ಹೇಳುವುದು ರೂಢಿ. ಅಪರ್ಣಾ ಕ್ಯಾಮೆರಾವನ್ನು ತಿರುಗಿಸಿದರು. ಯಾರೂ ಫೋಟೋ ತೆಗೆಯದ ಮುಖವನ್ನು ನಡುವೆ ತಂದರು. ತಮಗೆ ಬೇಕಾದ್ದನ್ನು ತೆಗೆದುಕೊಂಡು ಹೊರಟುಹೋಗುವವರ ಬಗ್ಗೆ ಹೇಳಿದರು. ಆ ಚಿತ್ರಕ್ಕೆ ಅವರಿಗೆ ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂತು. ಅಶೋಕ್ ಮೆಹ್ತಾ ಅವರಿಗೆ ಛಾಯಾಗ್ರಹಣದ ಪ್ರಶಸ್ತಿ ಬಂತು, ಜೆನಿಫರ್ ಬ್ರಿಟನ್ನಿನ ಬಾಫ್ಟಾಗೆ ನಾಮನಿರ್ದೇಶನಗೊಂಡರು, ಮನಿಲಾ ಚಿತ್ರೋತ್ಸವದಲ್ಲಿ ಚಿತ್ರ ಅತ್ಯುನ್ನತ ಪ್ರಶಸ್ತಿ ಪಡೆಯಿತು. ಮೊದಲ ಚಿತ್ರಕ್ಕೇ ಇಷ್ಟು.

ಎರಡನೆಯ ಚಿತ್ರ ‘ಪರಮಾ’ದಲ್ಲಿ ಅವರು ತಾರಸಿಯ ಆ ಫೋಟೋವನ್ನೇ ಎದುರು ಹಾಕಿಕೊಂಡರು ಎಂದು ನನಗೆ ಅನ್ನಿಸುತ್ತದೆ. ಇದು ನನ್ನ ಓದು, ಅವರ ಹೇಳಿಕೆಯಲ್ಲ. 1984ರ ಆ ಚಿತ್ರದಲ್ಲಿ ರಾಖಿ ಕಲ್ಕತ್ತದ ದೊಡ್ಡ ಕುಟುಂಬದ ಗೃಹಿಣಿ. ಮನೆಯಲ್ಲಿ ಅವಳು ಒಬ್ಬರಿಗೆ ಸೊಸೆ, ಒಬ್ಬರಿಗೆ ಚಿಕ್ಕಮ್ಮ, ಮಕ್ಕಳಿಗೆ ಅಮ್ಮ. ಪರಮಾ ಎಂದು ಕರೆಯುವವರಿಲ್ಲ. ದುರ್ಗಾಪೂಜೆಯ ಸಂಭ್ರಮದಲ್ಲಿ ವಿದೇಶದಿಂದ ಬಂದ ಛಾಯಾಗ್ರಾಹಕ ರಾಹುಲ್ ಕಣ್ಣಿಗೆ ಅವಳ ಮುಖ ಬೀಳುತ್ತದೆ. ಭಾರತದ ಗೃಹಿಣಿಯ ಬಗ್ಗೆ ಚಿತ್ರಮಾಲೆ ಮಾಡುತ್ತೇನೆಂದು ಅವನು ಬರುತ್ತಾನೆ, ಮನೆಯವರೇ ಒಪ್ಪುತ್ತಾರೆ. ಫೋಟೋ ತೆಗೆಸಿಕೊಳ್ಳುತ್ತಾ ಪರಮಾಳಿಗೆ ತಾನು ಸಿತಾರ್ ನುಡಿಸುತ್ತಿದ್ದದ್ದು, ತನಗೊಂದು ಹೆಸರಿದ್ದದ್ದು ನೆನಪಾಗುತ್ತದೆ. ಅವನ ಮೇಲೆ ಮನಸ್ಸಾಗುತ್ತದೆ. ಅವನು ಹೋಗಿಬಿಡುತ್ತಾನೆ. ಹಿಂದೆಯೇ ‘ಲೈಫ್’ ಪತ್ರಿಕೆಯ ಸಂಚಿಕೆಯೊಂದು ಮನೆಗೆ ಬರುತ್ತದೆ, ಅದರಲ್ಲಿ ಅವಳ ಚಿತ್ರ. ಮನೆ ಒಡೆಯುತ್ತದೆ. ತೆಗೆದವನು ಯಾವುದೋ ದೇಶದಲ್ಲಿ ಕ್ಷೇಮವಾಗಿದ್ದಾನೆ, ತೆಗೆಸಿಕೊಂಡವಳು ಬೆಲೆ ತೆರುತ್ತಾಳೆ.

ಪತ್ರಿಕೆಯ ಹೆಸರನ್ನು ಗಮನಿಸಿ. ಹದಿನಾಲ್ಕರ ಅಪರ್ಣಾಳ ಮುಖವನ್ನು ಜಗತ್ತಿಗೆ ತೋರಿಸಿದ ಪತ್ರಿಕೆಯೇ ಅದು. ತನ್ನ ಬಾಲ್ಯದ ಫೋಟೋವನ್ನು ಗೋಡೆಗೆ ತೂಗುಹಾಕಿ ಹೆಮ್ಮೆಪಡುವುದು ಸುಲಭವಿತ್ತು. ಅವರು ಆ ಫೋಟೋದ ಇನ್ನೊಂದು ಮಗ್ಗುಲಿಗೆ ಹೋದರು. ಚಿತ್ರದ ಕೊನೆಯಲ್ಲಿ, ಸಾವಿನ ಬಾಗಿಲಿಗೆ ಹೋಗಿ ಬಂದ ಪರಮಾಳಿಗೆ ಪಶ್ಚಾತ್ತಾಪದ ಪಾಠ ಹೇಳಲಾಗುತ್ತದೆ. ತನಗೆ ಅಪರಾಧಿ ಭಾವವೇ ಇಲ್ಲವೆಂದು ಅವಳು ಶಾಂತವಾಗಿ ಹೇಳುತ್ತಾಳೆ. ಸೀರೆ ಅಂಗಡಿಯಲ್ಲಿ ಮಾರಾಟದ ಕೆಲಸಕ್ಕೆ ಹೋಗುತ್ತೇನೆ ಎನ್ನುತ್ತಾಳೆ. ಆ ಕಾಲಕ್ಕೆ ಬಂಗಾಳದಲ್ಲಿ ದೊಡ್ಡ ಚರ್ಚೆಯೆಬ್ಬಿಸಿದ ಮಾತು ಅದು. ಇವತ್ತಿಗೂ ನಮ್ಮ ಎಷ್ಟೋ ಮನೆಗಳ ಹಾಲಿನಲ್ಲಿ ಕೂತು ನೋಡುವಾಗ ಯಾರಾದರೂ ಎದ್ದು ಕಾಫಿ ಮಾಡಲು ಹೋಗುವ ದೃಶ್ಯ ಅದು.

ಮುಂದಿನ ಚಿತ್ರಗಳನ್ನೆಲ್ಲ ಇಲ್ಲಿ ಪಟ್ಟಿ ಮಾಡುವುದಿಲ್ಲ. ‘ಸತಿ’, ‘ಯುಗಾಂತ’, ಅತ್ತೆ-ಸೊಸೆಯ ಸ್ನೇಹವನ್ನು ಹೇಳುವ ‘ಪಾರೊಮಿತಾರ್ ಏಕ್ ದಿನ್’, ಮನೋರೋಗದ ಲೋಕಕ್ಕೆ ಇಳಿಯುವ ‘15 ಪಾರ್ಕ್ ಅವೆನ್ಯೂ’, ‘ದಿ ಜಪಾನೀಸ್ ವೈಫ್’, ‘ಗೊಯ್ನಾರ್ ಬಾಕ್ಶೊ’, 2021ರ ‘ದಿ ರೇಪಿಸ್ಟ್’. ಒಂದು ಸಂಗತಿ ಮಾತ್ರ ಹೇಳಬೇಕು. 1986ರಿಂದ 2005ರ ತನಕ ಅವರು ‘ಸಾನಂದಾ’ ಎಂಬ ಬಂಗಾಳಿ ಮಹಿಳಾ ಪತ್ರಿಕೆಯ ಸಂಪಾದಕಿಯಾಗಿದ್ದರು. ಸುಮಾರು ಎರಡು ದಶಕ. ಯಾವ ಚಿತ್ರ ಮುಖಪುಟಕ್ಕೆ, ಅದರ ಕೆಳಗೆ ಯಾವ ಮಾತು ಎಂದು ತೀರ್ಮಾನಿಸುವ ಕುರ್ಚಿ ಅದು. ಪತ್ರಿಕೆಯ ಪುಟದಲ್ಲಿ ಚಿತ್ರವಾಗಿದ್ದವರು ಪುಟವನ್ನೇ ಕಟ್ಟುವವರಾದರು. ಅವರ ಬಗ್ಗೆ ಬರೆಯುವವರು ಇದನ್ನು ಒಂದು ಸಾಲಿನಲ್ಲಿ ದಾಟಿಬಿಡುತ್ತಾರೆ. ಸಿನಿಮಾ ನಿರ್ದೇಶನದಷ್ಟೇ ದೊಡ್ಡ ಕೆಲಸ ಅದು ಎಂದು ನಾನು ನಂಬುತ್ತೇನೆ. ಸಾವಿರಾರು ಓದುಗರ ಮನೆಯ ಮಾತು ಸಂಚಿಕೆ ಸಂಚಿಕೆಗೂ ಕಿವಿಗೆ ಬೀಳದೆ ‘ಪಾರೊಮಿತಾರ್ ಏಕ್ ದಿನ್’ನಂಥ ಅತ್ತೆ ಹುಟ್ಟುವುದಿಲ್ಲ.

ನಮ್ಮ ಕಡೆ ಹೇಗೆ ಎಂದು ಕೇಳುವವರಿಗೆ ಎರಡು ಮಾತು. ‘ಚೌರಂಗಿ ಲೇನ್’ಗಿಂತ ಒಂದು ವರ್ಷ ಮೊದಲೇ, 1980ರಲ್ಲಿ, ಕನ್ನಡದ ಮನೆಮಾತಾದ ನಟಿ ಲಕ್ಷ್ಮಿ ‘ಮಕ್ಕಳ ಸೈನ್ಯ’ ನಿರ್ದೇಶಿಸಿದ್ದರು. 1983ರಲ್ಲಿ ಪ್ರೇಮಾ ಕಾರಂತರ ‘ಫಣಿಯಮ್ಮ’ ಬಂತು, ಅವರು ಬಂದದ್ದು ರಂಗಭೂಮಿಯಿಂದ. ಕವಿತಾ ಲಂಕೇಶ್ ಅವರ 1999ರ ‘ದೇವೀರಿ’ಯಲ್ಲಿ ನಟಿಸಿದ ನಂದಿತಾ ದಾಸ್ ಮುಂದೆ ‘ಫಿರಾಕ್’, ‘ಮಂಟೋ’ ನಿರ್ದೇಶಿಸಿದರು. ದಾರಿಗಳು ಬೇರೆ ಬೇರೆ, ಯಾವುದೂ ಮುಚ್ಚಿಲ್ಲ. ನಮ್ಮಲ್ಲಿ ಮುಚ್ಚಿರುವುದು ಒಂದೇ, ಚಂದ ಇರುವ ಹೆಣ್ಣುಮಗಳು ಯೋಚಿಸುತ್ತಾಳೆ ಎಂಬುದನ್ನು ನಂಬುವ ಮನಸ್ಸು. ಗಂಡಸರಿಗೆ ಈ ಕಷ್ಟವಿಲ್ಲ. ಪೋಸ್ಟರ್ ಅಂಟಿಸುತ್ತಿದ್ದವರು, ಲೈಟ್ ಹೊರುತ್ತಿದ್ದವರು ನಿರ್ದೇಶಕರಾದರೆ ‘ತಳದಿಂದ ಬಂದವರು’ ಎಂದು ಗೌರವಿಸುತ್ತೇವೆ. ಬೆಳಕಿನ ಕೆಳಗೆ ಗಂಟೆಗಟ್ಟಲೆ ನಿಂತ ಹುಡುಗಿಯೂ ತಳದಿಂದಲೇ ಬಂದವಳು. ಆ ಗೌರವ ಅವಳಿಗೂ ಸಲ್ಲಬೇಕು.

ಹಾಸನದ ತಂಗಿಗೆ ನಾನು ಬರೆದದ್ದು ಇಷ್ಟು. ಮಾಡೆಲಿಂಗ್ ಬಿಟ್ಟು ಬಾ ಎಂದು ಯಾರಾದರೂ ಹೇಳಿದರೆ ಅವಸರ ಮಾಡಬೇಡ. ನಿಂತ ಜಾಗದಿಂದಲೇ ನೋಡುವುದನ್ನು ಶುರುಮಾಡು. ಲೈಟ್ ಎಲ್ಲಿಟ್ಟರು, ಯಾಕೆ ಅಲ್ಲೇ ಇಟ್ಟರು, ನಿನ್ನ ಹತ್ತು ಫೋಟೋಗಳಲ್ಲಿ ಒಂದನ್ನೇ ಯಾಕೆ ಆರಿಸಿದರು ಎಂದು ಕೇಳು. ಬೇಡ ಎಂದವರ ಮಾತನ್ನೂ ಬರೆದಿಟ್ಟುಕೋ, ಹಸಿರು ಬೊಟ್ಟಿನ ಪಾಠ ಇರುವುದು ಅದರಲ್ಲೇ. ನೀನು ನಿಲ್ಲುವ ಸೀರೆ ಅಂಗಡಿಯಲ್ಲಿ ಇಡೀ ದಿನ ಸೀರೆ ಬಿಚ್ಚಿ ಮಡಿಸುವ ಹೆಂಗಸರಿದ್ದಾರೆ, ಅವರನ್ನು ಯಾರೂ ಫೋಟೋ ತೆಗೆಯುವುದಿಲ್ಲ. ಅವರಲ್ಲಿ ಒಬ್ಬರ ಕತೆ ಬರೆ. ಅವಸರ ಬೇಡ. ಫೋಟೋದಿಂದ ತಾವು ನಿರ್ದೇಶಿಸಿದ ಮೊದಲ ಸಿನಿಮಾಕ್ಕೆ ಅಪರ್ಣಾ ಅವರಿಗೇ ಇಪ್ಪತ್ತೊಂದು ವರ್ಷ ಬೇಕಾಯಿತು. ಅಲ್ಲಿಂದ ಇನ್ನೊಂದು ಇಪ್ಪತ್ತೊಂದು ವರ್ಷಕ್ಕೆ, 2002ರಲ್ಲಿ, ಅವರು ‘ಮಿಸ್ಟರ್ ಅಂಡ್ ಮಿಸೆಸ್ ಅಯ್ಯರ್’ ಮಾಡಿದರು. ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಎರಡನೆಯ ಸಲ ಅವರ ಮನೆಗೆ ಬಂತು. ಮೀನಾಕ್ಷಿ ಅಯ್ಯರ್ ಆಗಿ ನಟಿಸಿದ ಮಗಳು ಕೊಂಕಣಾ ಸೇನ್ ಶರ್ಮಾಗೆ ಶ್ರೇಷ್ಠ ನಟಿಯ ಪ್ರಶಸ್ತಿ. ಆ ಮಗಳೂ ಈಗ ನಿರ್ದೇಶಕಿ, ‘ಎ ಡೆತ್ ಇನ್ ದ ಗಂಜ್’ ಅವರದು.

‘ಮಿಸೆಸ್ ಅಯ್ಯರ್’ ಚಿತ್ರವನ್ನು ನಾನು ಅಕ್ಕನ ಮನೆಯಲ್ಲಿ, ಅಕ್ಕನ ಜೊತೆ ನೋಡಿದೆ. ಕೈಗೂಸನ್ನು ಎತ್ತಿಕೊಂಡು ಬಸ್ಸಿನಲ್ಲಿ ಹೊರಟ ಮಡಿವಂತ ತಮಿಳು ಹೆಣ್ಣುಮಗಳು. ಪಕ್ಕದಲ್ಲಿ ಆಗಷ್ಟೇ ಪರಿಚಯವಾದವನೊಬ್ಬ, ರಾಹುಲ್ ಬೋಸ್ ಮಾಡಿದ ಪಾತ್ರ. ದಾರಿಯಲ್ಲಿ ಅವನು ಮುಸ್ಲಿಮನೆಂದು ಗೊತ್ತಾಗಿ ಅವಳು ಹಿಂಜರಿಯುತ್ತಾಳೆ. ಅಷ್ಟರಲ್ಲಿ ಗಲಭೆಕೋರರು ಬಸ್ಸು ಹತ್ತಿ ಹೆಸರು ಕೇಳುತ್ತಾ ಬರುತ್ತಾರೆ. ಅವಳು ಮಗುವನ್ನು ಅವನ ತೊಡೆಯ ಮೇಲಿಟ್ಟು, ನಾವು ಮಿಸ್ಟರ್ ಅಂಡ್ ಮಿಸೆಸ್ ಅಯ್ಯರ್ ಎನ್ನುತ್ತಾಳೆ. ಅವನು ವನ್ಯಜೀವಿ ಛಾಯಾಗ್ರಾಹಕ. ಜೀವ ಉಳಿಸಿಕೊಳ್ಳುತ್ತಾ ಕಳೆದ ಆ ಕೆಲವು ದಿನಗಳಲ್ಲಿ ಅವನ ಕ್ಯಾಮೆರಾದಲ್ಲಿ ಅವಳ ಚಿತ್ರಗಳು ಸೇರುತ್ತವೆ. ಕೊನೆಗೆ ಕಲ್ಕತ್ತದ ರೈಲು ನಿಲ್ದಾಣ. ಅವಳ ಗಂಡ ಕರೆದೊಯ್ಯಲು ಬಂದಿದ್ದಾನೆ. ಹೆಚ್ಚು ಮಾತಿಲ್ಲ. ಛಾಯಾಗ್ರಾಹಕ ಆ ಚಿತ್ರಗಳ ರೀಲನ್ನು ಅವಳ ಕೈಗೆ ಕೊಟ್ಟು ಹೊರಡುತ್ತಾನೆ.

ಟೀವಿಯ ಮುಂದೆ ಅಕ್ಕ ಬಹಳ ಹೊತ್ತು ಸುಮ್ಮನಿದ್ದಳು. ಆಮೇಲೆ, ‘ನೋಡು, ರೀಲು ಅವಳಿಗೇ ಕೊಟ್ಟುಬಿಟ್ಟ’ ಎಂದಳು.